ಭಂಡಾರದ ಗೆರೆ

ಆಗ ನಾನು ಸವದತ್ತಿಯ ಕಚೇರಿಯಲ್ಲಿ ಸಿಪಾಯಿ. ಎದೆಯ ಮೇಲೆ ಹಿತ್ತಾಳೆಯ ಬಿಲ್ಲೆ, ತಲೆಗೆ ಕೆಂಪು ರುಮಾಲು. ಹೆದರಿಕೆ ಎಂಬುದೇ ನನಗೆ ಗೊತ್ತಿಲ್ಲವೆಂದು ನಾನೇ ಊರೆಲ್ಲ ಹೇಳಿಕೊಂಡು ತಿರುಗುತ್ತಿದ್ದೆ.

ಒಂದು ಮುಂಜಾನೆ ಪ್ರಾಂತಸಾಹೇಬರ ಹುಕುಂ ಕೈಗೆ ಬಂತು. ಮುನವಳ್ಳಿಯ ಮನೆಯೊಂದರಲ್ಲಿ ಕೂಡಿಹಾಕಿದ ಹೆಣ್ಣುಮಗಳನ್ನು ಕರೆತಂದು ಹಾಜರುಪಡಿಸಬೇಕು. ಅವಳು ವಿಧವೆ, ಇಪ್ಪತ್ತೈದರ ಆಸುಪಾಸು. ಸಂಗೊಳ್ಳಿಯ ಬಡಿಗನೊಬ್ಬನನ್ನು ಉಡಿಕೆಯಾಗಬೇಕು, ಅಂದರೆ ಎರಡನೆಯ ಮದುವೆ ಮಾಡಿಕೊಳ್ಳಬೇಕು ಎಂದು ಅವಳ ಮನಸ್ಸು. ಅವಳ ಅಣ್ಣನಿಗೆ ಅದು ಸುತರಾಂ ಒಪ್ಪಿಗೆಯಿಲ್ಲ. ಅರ್ಜಿ ಕೊಟ್ಟವನು ಆ ಬಡಿಗ.

ಕೀಲಿ ಒಡೆಯಬೇಕಾದೀತೆಂದು ಹಾರೆಯನ್ನೂ ಹೊತ್ತುಕೊಂಡು ಹೋದೆ. ನೋಡಿದರೆ ಬಾಗಿಲು ಪೂರ್ತಿ ತೆರೆದಿದೆ! ಅಣ್ಣ ಕಟ್ಟೆಯ ಮೇಲೆ ಕುಳಿತು ಎಲೆಗೆ ಸುಣ್ಣ ಹಚ್ಚುತ್ತಿದ್ದ.

"ನೋಡ್ರಿ ಸಿಪಾಯರ, ಕೀಲಿ ಐತೇನು? ಆಕೀನ ಯಾರು ಹಿಡದಾರ?"

ಹೊಸ್ತಿಲ ಉದ್ದಕ್ಕೂ ಎಲ್ಲಮ್ಮನ ಭಂಡಾರದ, ಅಂದರೆ ದೇವಿಯ ಪ್ರಸಾದದ ಅರಿಶಿನಪುಡಿಯ, ಹಳದಿ ಗೆರೆ. ಮೂರು ತಿಂಗಳಿನಿಂದ ದಿನಾ ಮುಂಜಾನೆ ಅವನೇ ಎಳೆಯುತ್ತಿದ್ದನಂತೆ. ತಂಗಿ ಅದನ್ನು ದಾಟಿದರೆ ಅಣ್ಣನ ಹೆಣ ನೋಡುತ್ತಾಳೆಂದು ಅವನು ಇಟ್ಟ ಆಣೆ. ಆ ಆಣೆ ನನಗಲ್ಲ ಎಂಬುದು ಗೊತ್ತಿತ್ತು. ಆದರೂ ಎತ್ತಿದ ಕಾಲು ಮುಂದೆ ಹೋಗಲಿಲ್ಲ. ನಾಚಿಕೆಯಾಯಿತು, ಸುಳ್ಳೇಕೆ ಹೇಳಲಿ.

ಒಳಗಿನಿಂದ ಅವಳು ನನ್ನ ಕಾಲನ್ನೇ ನೋಡುತ್ತಿದ್ದಳು. ಹೊರಗೆ ನಿಂತೇ ಹುಕುಂ ಓದಿದೆ.

"ಹಂಗಂದ್ರ ಏನ್ರಿ?" ಅವಳು ಕೇಳಿದಳು.

"ಎಲ್ಲಿ ಇರತಿ ಅಂತ ಸಾಹೇಬರು ನಿನ್ನ ಕೇಳತಾರ, ತಂಗಿ."

"ನನ್ನ ಕೇಳತಾರ? ನಮ್ಮಣ್ಣನ್ನ ಅಲ್ಲ?"

"ನಿನ್ನs. ನೀ ತಿಳಿವಳಿಕಿ ಬಂದಾಕಿ ಅಲ್ಲೇನು?"

ಅವಳು ಎದ್ದು ಬಂದು, ಹೊಸ್ತಿಲಿಗೆ ಹಣೆ ಹಚ್ಚಿ ನಮಸ್ಕರಿಸಿ, ಗೆರೆಯ ನಡುವಿನ ಭಂಡಾರವನ್ನು ಅಂಗೈಗೆ ಬಳಿದುಕೊಂಡಳು. "ಇಲ್ಲಿ ಬಾ ಯಣ್ಣಾ," ಎಂದಳು. ಅವನು ಯಾಕೆ ಎದ್ದು ಬಂದನೋ ದೇವರೇ ಬಲ್ಲ. ಅವನ ಹಣೆ ತುಂಬ ಅದನ್ನು ಹಚ್ಚಿದಳು.

"ಎಲ್ಲವ್ವ ನಿನ್ನ ನೂರು ವರ್ಷ ಇಟ್ಟಿರಲಿ."

ಈಗ ಗೆರೆಯಲ್ಲಿ ಒಂದು ಹೆಜ್ಜೆಯಷ್ಟು ಜಾಗ ಬರಿದಾಗಿತ್ತು. ಅಲ್ಲಿಂದ ಹೊರಗೆ ಬಂದಳು. ದೊಡ್ಡ ದೊಡ್ಡ ಸಾಹೇಬರಿಗೆ ಸಲಾಮು ಹೊಡೆದವನು ನಾನು. ಯಾರ ಮುಂದೆಯೂ ಅಷ್ಟು ಸಣ್ಣವನಾಗಿ ನಿಂತಿರಲಿಲ್ಲ. ಅಣ್ಣ ಕಣ್ಣು ಮುಚ್ಚಿಕೊಂಡು ನಿಂತೇ ಇದ್ದ.

ಸವದತ್ತಿಯಲ್ಲಿ ಸಾಹೇಬರು ಮೊದಲು ನನ್ನನ್ನು ಕೇಳಿದರು. ಬಾಗಿಲು ತೆರೆದಿತ್ತೆಂದು ಹೇಳಿದೆ. ಹಾಗಾದರೆ ಮೂರು ತಿಂಗಳು ಯಾಕೆ ಹೊರಗೆ ಬರಲಿಲ್ಲ ಎಂದು ಅವಳನ್ನು ಕೇಳಿದರು.

"ನಿನ್ನ ಮನಸ್ಸಿನ್ಯಾಗ ಏನೈತಿ ಅಂತ ಯಾರೂ ಕೇಳಿದ್ದಿಲ್ರಿ."

"ಈಗ ನಾನು ಕೇಳುತ್ತೇನೆ."

"ಸಂಗೊಳ್ಳಿಗೆ ಹೋಗತೇನ್ರಿ."

ಸಾಹೇಬರು ಎರಡು ಸಾಲು ಬರೆದು ಸಹಿ ಹಾಕಿದರು, ಹೋಗಬಹುದು ಎಂದರು. ಅವಳು ಕಚೇರಿಯ ಹೊಸ್ತಿಲಲ್ಲಿ ತಟ್ಟನೆ ನಿಂತು ಕೆಳಗೆ ನೋಡಿದಳು. ಅಲ್ಲಿ ಏನೂ ಇರಲಿಲ್ಲ.