ರಾಜನ ಒಂದು ಜಿಗಿತ

ಚಿಕ್ಕಂದಿನಲ್ಲಿ ಕರೆಂಟು ಹೋದರೆ ನನಗೆ ಖುಷಿಯಾಗುತ್ತಿತ್ತು. ಅಪ್ಪಯ್ಯ ಯಲ್ಲಾಪುರದ ಒಂದು ಸಾಮಿಲ್ಲಿನಲ್ಲಿ ಗುಮಾಸ್ತನಾಗಿದ್ದ. ತೊಂಬತ್ತರ ದಶಕದ ಆ ಮಧ್ಯಾಹ್ನಗಳಲ್ಲಿ ಹೇಳದೆ ಕೇಳದೆ ಕರೆಂಟು ಹೋಗುವುದು, ಗರಗಸ ಗೊಣಗುತ್ತಾ ನಿಲ್ಲುವುದು, ಮರದ ಹೊಟ್ಟು ಬಿಸಿಲುಕೋಲಿನಲ್ಲಿ ಕೆಳಗಿಳಿಯಲು ಮನಸ್ಸಿಲ್ಲದೆ ತೇಲುತ್ತಲೇ ಇರುವುದು. ಆಗ ಅಪ್ಪಯ್ಯ ಮೇಜಿನಡಿಯಿಂದ ಚದುರಂಗದ ಹಲಗೆ ತೆಗೆಯುತ್ತಿದ್ದ. ಶಾಲೆಯಿಂದ ಊಟಕ್ಕೆ ಅವನ ಬಳಿ ಬಂದ ನಾನು ಎದುರಿಗೆ ಕೂರುತ್ತಿದ್ದೆ. ಕಾಯಿಗಳನ್ನು ಮಿಲ್ಲಿನ ಬಡಗಿ ಸಾಗವಾನಿ ತುಂಡುಗಳಲ್ಲಿ ಕೆತ್ತಿಕೊಟ್ಟಿದ್ದ. ಅವನ ಕುದುರೆಗಳಿಗೆಲ್ಲ ಕುರಿಯ ಮುಖ. ಕರೆಂಟು ಬಂತೆಂದರೆ ಆಟವನ್ನು ಅಲ್ಲಿಗೇ ಬಿಡಬೇಕು. ಹಾಗಾಗಿ ನಮ್ಮ ಎಷ್ಟೋ ಆಟಗಳು ಇಂದಿಗೂ ಮುಗಿದಿಲ್ಲ.

ಅಪ್ಪಯ್ಯ ಕಲಿಸಿದ ಆಟದಲ್ಲಿ ರಾಜನಿಗೊಂದು ವರವಿತ್ತು. ಎದುರಾಳಿ ಶಹಾ ಎಂದು ಚೆಕ್ ಕೊಡುವ ಮೊದಲು, ಇಡೀ ಆಟದಲ್ಲಿ ಒಮ್ಮೆ, ಅವನು ಕುದುರೆಯ ಹಾಗೆ ಹಾರಬಹುದು. ಅಪ್ಪಯ್ಯನ ಅಜ್ಜ ಹಾಗೇ ಆಡಿದ್ದ, ಊರಿನವರೆಲ್ಲ ಹಾಗೇ ಆಡುತ್ತಿದ್ದರು. ನಾನು ರಾಜನನ್ನು ಹಾರಿಸಲು ಕೈ ಎತ್ತಿದಾಗಲೆಲ್ಲ ಅಪ್ಪಯ್ಯ ಅದೇ ಮಾತು ಹೇಳುತ್ತಿದ್ದ.

"ಒಂದೇ ಸಲ, ನೆನಪಿಟ್ಕ."

ಅವನಿಗೆ ಇನ್ನೊಂದು ಹುಚ್ಚಿತ್ತು. ಪೇಪರಿನಲ್ಲಿ ದೊಡ್ಡ ಚೆಸ್ ಆಟಗಾರರ ಬಗ್ಗೆ ಏನೇ ಬಂದರೂ ಕತ್ತರಿಸಿ, ಹಳೆಯ ಕ್ಯಾಲೆಂಡರ್ ಹಾಳೆಗಳ ಹಿಂಬದಿಗೆ ಅಂಟಿಸಿ, ದಾರದಲ್ಲಿ ಹೊಲಿದು ಪುಸ್ತಕ ಮಾಡಿದ್ದ. ಫೋಟೋ ಬೇಕು, ಜೀವನದ ಕಥೆ ಬೇಕು. ಕೆಳಗೆ ಅಕ್ಷರ, ಅಂಕೆಗಳಲ್ಲಿ ಅಚ್ಚಾಗಿರುತ್ತಿದ್ದ ಆಟದ ನಡೆಗಳನ್ನು ಮಾತ್ರ ನಾಜೂಕಾಗಿ ಕತ್ತರಿಸಿ ಒಲೆಗೆ ಹಾಕುತ್ತಿದ್ದ. ಆಟ ಹೇಗಾಡುವುದೆಂದು ತನಗೆ ಗೊತ್ತಿದೆಯಲ್ಲ ಎಂಬ ಧೈರ್ಯ. ಆ ಆಟಗಾರರ ಹೆಸರುಗಳು ನಮ್ಮ ನಾಲಗೆಗೆ ಹೊರಳುತ್ತಿರಲಿಲ್ಲವಾದ್ದರಿಂದ ಅವನೇ ನಾಮಕರಣ ಮಾಡಿದ್ದ. ಒಬ್ಬ ಕೋಟಿನಣ್ಣ, ಒಬ್ಬ ಕಣ್ಮುಚ್ಚಿ ಆಡುವವ, ಗಂಡಸರನ್ನೆಲ್ಲ ಸೋಲಿಸಿದವಳು ದೊಡ್ಡಕ್ಕ. ನಮ್ಮ ಮನೆಯಲ್ಲಿ ಅವರೆಲ್ಲ ನೆಂಟರು. ಪ್ರತಿಯೊಬ್ಬರ ಕಥೆ ಓದಿದ ಮೇಲೂ ಅಪ್ಪಯ್ಯ ಕೇಳುತ್ತಿದ್ದುದು ಒಂದೇ ಪ್ರಶ್ನೆ: ಇವ ಬದುಕಿನಲ್ಲಿ ತನ್ನ ಜಿಗಿತ ಯಾವಾಗ ಹಾರಿದ? ಕೋಟಿನಣ್ಣ ಹುಟ್ಟಿದ ದೇಶ ಬಿಟ್ಟು ಹಡಗು ಹತ್ತಿದನಲ್ಲ, ಅದು. ದೊಡ್ಡಕ್ಕ ಇನ್ನೂ ಹಾರಿಲ್ಲ, ಉಳಿಸಿಕೊಂಡಿದ್ದಾಳೆ. ನಾನು ಹೊಟ್ಟಿನ ರಾಶಿಯ ಮೇಲೆ ಮಲಗಿ, ಹಿಮ ಬೀಳುವ ಊರುಗಳಲ್ಲಿ ರಾಜರು ಒಬ್ಬೊಬ್ಬರಾಗಿ ಹಾರುವುದನ್ನು ಕಾಣುತ್ತಿದ್ದೆ. ಅಲ್ಲಿಗೆ ಹೋಗುವ ದಾರಿ ಶಿರಸಿಯಿಂದ ಶುರುವಾಗುತ್ತದೆ ಎಂದು ನಂಬಿದ್ದೆ.

ಒಂಬತ್ತನೇ ತರಗತಿಯಲ್ಲಿ ಆ ದಾರಿ ತೆರೆಯಿತು. ಶಿರಸಿಯಲ್ಲಿ ಜಿಲ್ಲಾ ತಂಡಕ್ಕೆ ಹುಡುಗಿಯರ ಆಯ್ಕೆ, ಒಂದು ಆಟ ಸೋತವರು ಅಲ್ಲಿಂದಲೇ ಮನೆಗೆ. ಅಪ್ಪಯ್ಯ ರಜೆ ಹಾಕಿ ಜೊತೆಗೆ ಬಂದ. ಪಾಲಕರೆಲ್ಲ ಆಟದ ಕೋಣೆಯ ಹೊರಗೆ ಕಾಯಬೇಕಿತ್ತು. ನನ್ನ ಮೊದಲ ಎದುರಾಳಿ ಕರಾವಳಿಯ ಹುಡುಗಿ. ಆಟ ಶುರುವಾದ ಸ್ವಲ್ಪ ಹೊತ್ತಿಗೆ ಅವಳು ಒಂದೇ ಸರದಿಯಲ್ಲಿ ರಾಜ, ಆನೆ ಎರಡನ್ನೂ ನಡೆಸಿಬಿಟ್ಟಳು. ಘಟ್ಟದ ಕೆಳಗಿನವರ ರೂಢಿ ಇರಬಹುದು, ಪರಊರಿನಲ್ಲಿ ಜಗಳ ಯಾಕೆ ಎಂದು ಸುಮ್ಮನಾದೆ. ನಾನೇ ಮೇಲುಗೈಯಲ್ಲಿದ್ದೆ. ಆಮೇಲೆ ಅವಳ ಮಂತ್ರಿ ಹತ್ತಿರ ಬಂದಾಗ ರಾಜನನ್ನೆತ್ತಿ ಚೆಂದವಾಗಿ ಕುದುರೆಯ ಹಾಗೆ ಹಾರಿಸಿದೆ.

ಹುಡುಗಿ ಕೈ ಎತ್ತಿದಳು. ತೀರ್ಪುಗಾರರು ಬಂದರು. ಅವರು ಬೈಯಲಿಲ್ಲ. ಜಗತ್ತಿನಲ್ಲಿ ಎಲ್ಲಿಯೂ ರಾಜ ಹೀಗೆ ಹಾರುವುದಿಲ್ಲ ಮಗಳೇ, ಮುಟ್ಟಿದ ಕಾಯಿಯನ್ನು ನಡೆಸಲೇಬೇಕು, ಒಂದು ಮನೆ ಸರಿಸು ಎಂದರು. ರಾಜ ಸರಿಯಲು ಇದ್ದದ್ದು ಒಂದೇ ಮನೆ. ಅಲ್ಲಿಗೆ ಸರಿಸಿದೆ, ಮರುನಡೆಗೆ ಸತ್ತೆ. ಕೋಟಿನಣ್ಣ, ದೊಡ್ಡಕ್ಕ ಯಾರೂ ಎಂದೂ ಹಾರಿರಲಿಲ್ಲ ಎಂಬುದು ಆಗ ಹೊಳೆಯಿತು. ನೆಂಟರೆಲ್ಲ ಒಮ್ಮೆಗೇ ಪರಕೀಯರಾದರು.

ವಾಪಸು ಬಸ್ಸು ಮಂಚಿಕೇರಿ ದಾಟಿತು. ಅಪ್ಪಯ್ಯ ಕಿಟಕಿಯಾಚೆ ನೋಡುತ್ತಲೇ ಕೇಳಿದ.

"ಜಿಗಿತ ಖರ್ಚಾತನೇ ಕೂಸೇ?"

"ಇಲ್ಲೆ ಅಪ್ಪಯ್ಯ. ಬೇಕಾಜಿಲ್ಲೆ."

ಜಿಗಿತ ಬೇಕಾಗಲೇ ಇಲ್ಲವೆಂದು ಸುಳ್ಳು ಹೇಳಿದೆ. ನನಗೆ ಅವನ ಮೇಲೆ ಕೆಟ್ಟ ಸಿಟ್ಟು ಬಂದಿತ್ತು, ಅಷ್ಟೇ ಪಾಪವೂ ಅನಿಸಿತ್ತು. ನಿಜ ಹೇಳಿದರೆ ಅವನ ಅಜ್ಜನಿಂದ ಹಿಡಿದು ಎಲ್ಲರೂ ತಪ್ಪಾಗುತ್ತಾರೆ. ಹೇಳದೆ ಅವನ ಜೊತೆ ಆಡುವುದು ಹೇಗೆ? ಆಡುವುದನ್ನೇ ಬಿಟ್ಟೆ. ಕರೆಂಟು ಹೋದಾಗ ಹೋಂವರ್ಕ್ ಇದೆ ಎಂದೆ, ತಲೆನೋವು ಎಂದೆ. ಅಪ್ಪಯ್ಯ ಕೆಲವು ದಿನ ಹಲಗೆ ಹಾಸಿ ಕಾದ. ಆಮೇಲೆ ಹಾಸುವುದನ್ನು ಬಿಟ್ಟ. ನಾನು ಓದಿ, ಸಿದ್ದಾಪುರದ ಶಾಲೆಯೊಂದರಲ್ಲಿ ಟೀಚರಾದೆ. ಅಲ್ಲಿ ಮಕ್ಕಳಿಗೆ ಚೆಸ್ಸನ್ನು ಸರಿಯಾದ ನಿಯಮದಲ್ಲೇ ಕಲಿಸಿದೆ. ಅಪ್ಪಯ್ಯನ ಎದುರು ಮಾತ್ರ ಹತ್ತು ವರ್ಷಕ್ಕೂ ಮೇಲೆ ಕೂರಲಿಲ್ಲ.

ಒಮ್ಮೆ ಬೇಸಿಗೆ ರಜೆಯಲ್ಲಿ ಯಲ್ಲಾಪುರಕ್ಕೆ ಬಂದವಳು, ಶಾಲೆಯ ಗೋಡೆಗೆ ಆಟಗಾರರ ಚಿತ್ರ ಬೇಕೆಂದು ಆ ಕ್ಯಾಲೆಂಡರ್ ಪುಸ್ತಕ ಹುಡುಕಿ ತೆಗೆದೆ. ಕೋಟಿನಣ್ಣ ಹಾಗೇ ಇದ್ದ, ಸ್ವಲ್ಪ ಹಳದಿಯಾಗಿದ್ದ. ಅರ್ಧ ದಾಟಿದ ಮೇಲೆ ಕೈ ನಿಂತಿತು. ಅಲ್ಲಿಂದ ಮುಂದೆ ಫೋಟೋಗಳ ಕೆಳಗೆ ನಡೆಗಳ ಸಾಲುಗಳಿದ್ದವು, ಒಂದೂ ಕತ್ತರಿಸಿರಲಿಲ್ಲ. ಪ್ರತಿ ನಡೆಯ ಪಕ್ಕ ಪೆನ್ಸಿಲಿನ ಸಣ್ಣ ಗುರುತು. ಹಾಳೆ ತಿರುಗಿಸಿ ಇಸವಿ ನೋಡಿದೆ. ನಾನು ಶಿರಸಿಗೆ ಹೋದ ವರ್ಷ.

ಪುಸ್ತಕ ಹಿಡಿದು ಜಗುಲಿಗೆ ಬಂದೆ. ಅಪ್ಪಯ್ಯ ಅದನ್ನೂ ನನ್ನನ್ನೂ ನೋಡಿದ.

"ಆ ದಿನ ಶಿರಸಿಲಿ ಆನು ಕಿಟಕಿ ಹತ್ರನೇ ಇದ್ದಿದ್ದಿ," ಎಂದ. "ನೀ ಯನ್ನ ಉಳ್ಸಲೆ ಸುಳ್ಳು ಹೇಳಿದ್ದೆ. ಅದ್ನ ಹ್ಯಾಂಗೆ ಮುರಿಯದು?"

ತೀರ್ಪುಗಾರರ ಮಾತು ಅವನಿಗೆ ಅಂದೇ ಕೇಳಿಸಿತ್ತು. ಮಗಳು ಮತ್ತೆ ಎದುರು ಕೂತ ದಿನ ಸರಿಯಾಗಿ ಆಡಬೇಕೆಂದು ಅವನು ಒಬ್ಬನೇ ಕಲಿತಿದ್ದ. ನಾನು ಬರಲೇ ಇಲ್ಲ. ನನಗೆ ಅಳು ತಡೆಯಲಾಗಲಿಲ್ಲ. ಅವನು ಒಳಗೆ ಹೋಗಿ ಹಲಗೆ ತಂದ.

ಕುರಿಮುಖದ ಕುದುರೆಗಳನ್ನು ಜೋಡಿಸಿ ಆಡತೊಡಗಿದೆವು. ಎಂಟು–ಹತ್ತು ನಡೆಗಳಾದ ಮೇಲೆ ಅಪ್ಪಯ್ಯ ತನ್ನ ರಾಜನನ್ನು ಎರಡು ಮನೆ ಸರಿಸಿ, ಶಿರಸಿಯಲ್ಲಿ ಆ ಹುಡುಗಿ ಮಾಡಿದ ಹಾಗೆಯೇ, ಆನೆಯನ್ನು ದಾಟಿಸಿ ರಾಜನ ಮಗ್ಗುಲಿಗೆ ಇಟ್ಟ. ಪರೀಕ್ಷೆಗೆ ಕೂತವನ ಹಾಗೆ ನನ್ನ ಮುಖ ನೋಡಿದ. ನಾನು ಸರಿ ಎಂದು ತಲೆಯಾಡಿಸಿದೆ. ಆಮೇಲೆ ನನ್ನ ರಾಜನನ್ನೆತ್ತಿ ಕುದುರೆಯ ಹಾಗೆ ಹಾರಿಸಿದೆ.

ಅಪ್ಪಯ್ಯ ಮುಂದೆ ಬಾಗಿ, ಹಾರಿದ ರಾಜನನ್ನು ಮನೆಯ ನಡುವಿಗೆ ನೆಟ್ಟಗೆ ನಿಲ್ಲಿಸಿದ. ತಪ್ಪೆನ್ನಲಿಲ್ಲ.

"ಒಂದೇ ಸಲ," ಎಂದ, "ನೆನಪಿಟ್ಕ."