ಜಯಮ್ಮನವರು ದಾಟಿದ ಕೋಟೆಬಾಗಿಲು

ಮೂರು ವರ್ಷದ ಹಿಂದಿನ ಮಾತು. ಆಗಲೂ ಈಗಲೂ ನನ್ನದು ವಿಜಯನಗರದಲ್ಲಿ ಹಳೇ ವಿಡಿಯೊ ಗೇಮ್ ರಿಪೇರಿ ಕೆಲಸ. ಇಪ್ಪತ್ತಾರು ವರ್ಷದ ಈ ಕಸುಬಿನಲ್ಲಿ ‘ಮೋಸಗಾರ’ ಎಂದು ಹೆಸರು ಬಂದಿದ್ದು ಆಗಲೇ. ಬಂದರೆ ಬರಲಿ, ನನಗೇನೂ ಬೇಜಾರಿಲ್ಲ.

ಬಾಪೂಜಿನಗರದ ರಾಘು ಒಂದು ಬೆಳಿಗ್ಗೆ ತಾಯಿ ಜಯಮ್ಮನವರನ್ನು ಆಟೋದಲ್ಲಿ ನನ್ನ ಅಂಗಡಿಗೆ ಕರೆತಂದ. ಜೊತೆಗೆ ಕೆಟ್ಟುಹೋದ ಗೇಮ್ ಸೆಟ್, ಒಂದು ಕ್ಯಾಸೆಟ್. ಜಯಮ್ಮ ಗಾರ್ಮೆಂಟ್ಸ್‌ನಲ್ಲಿ ಟೈಲರ್ ಆಗಿದ್ದವರು. ಮಗನಿಗೆಂದು ತಂದ ಗೇಮನ್ನು ಭಾನುವಾರ ತಾವೇ ಹಿಡಿದು ಕೂರುತ್ತಿದ್ದರಂತೆ. ಒಮ್ಮೆ ಕೊನೆಯ ಕೋಟೆಬಾಗಿಲವರೆಗೂ ಹೋಗಿದ್ದರು. ಅಷ್ಟರಲ್ಲಿ ಕರೆಂಟ್ ಹೋಯಿತು. ಈಗ ಸ್ಟ್ರೋಕ್ ಆಗಿ ಬಲಗೈ ಬೆರಳುಗಳು ಹೇಳಿದ ಮಾತು ಕೇಳುತ್ತಿರಲಿಲ್ಲ. ಆ ಬಾಗಿಲು ದಾಟಬೇಕೆಂಬ ಹಟ ಮಾತ್ರ ಹಾಗೇ ಇತ್ತು.

ಕ್ಯಾಸೆಟ್‌ನಲ್ಲಿದ್ದ ಗೇಮನ್ನು ಕಂಪ್ಯೂಟರಿಗೆ ಇಳಿಸಿ ಎಮ್ಯುಲೇಟರ್‌ಗೆ ಹಾಕಿದೆ. ಕಂಪ್ಯೂಟರನ್ನೇ ಹಳೇ ಸೆಟ್‌ನಂತೆ ನಡೆಸುವ ಸಾಫ್ಟ್‌ವೇರ್ ಅದು. ಜಯಮ್ಮ ಮೊದಲ ಹಳ್ಳಕ್ಕೇ ಮೂರು ಸಲ ಬಿದ್ದರು, ಇದ್ದ ಮೂರು ಜೀವವೂ ಹೋಗಿ ಆಟ ಮುಗಿಯಿತು. ಹತ್ತು ಸಲ ಹೀಗೇ ಆಯಿತು. ಕಂಟ್ರೋಲರ್ ಕೆಳಗಿಟ್ಟು ಸೆರಗಿನಿಂದ ಕಣ್ಣೊರೆಸಿಕೊಂಡರು.

“ಇದನ್ನ ಯಾರಿಗಾದ್ರೂ ಕೊಟ್ಬಿಡಿ ಸಾರ್. ಅಮ್ಮನ ಕೈಲಿ ಇನ್ನು ಆಗಲ್ಲ,” ಎಂದ ರಾಘು, ಅವರೆದುರಿಗೇ. ನನಗೆ ಮೈ ಉರಿಯಿತು.

“ಚೀಟ್ ಕೋಡ್ ಹಾಕ್ತೀನಿ, ಕೂತ್ಕೊಳ್ಳಿ,” ಎಂದೆ.

ಆಟದ ನಿಯಮವನ್ನೇ ಸಡಿಲಿಸುವ ಅಂಥ ಕೋಡ್ ಇಂಟರ್‌ನೆಟ್‌ನಲ್ಲಿ ಸಿಕ್ಕಿತು, ಆದರೆ ಕೆಲಸ ಮಾಡಲಿಲ್ಲ. ನಮ್ಮದು ನಕಲಿ ಕ್ಯಾಸೆಟ್, ಒಳಗಿನ ಲೆಕ್ಕವೇ ಬೇರೆ. ಆಗ ಕೋಡನ್ನು ನಾವೇ ಹುಡುಕಬೇಕು. ಮೂರು ಜೀವ ಇರುವಾಗ ಮೆಮೊರಿಯಲ್ಲಿ ಎಲ್ಲೆಲ್ಲಿ ಮೂರಿದೆ ನೋಡಬೇಕು, ಬೇಕೆಂದೇ ಸಾಯಬೇಕು, ಅದರಲ್ಲಿ ಯಾವುದು ಎರಡಾಯಿತು ನೋಡಬೇಕು, ಮತ್ತೆ ಸಾಯಬೇಕು. ಕೊನೆಗೆ ಒಂದೇ ಜಾಗ ಉಳಿಯುತ್ತದೆ. ಅಲ್ಲಿ ಮೂರನ್ನು ಕದಲದಂತೆ ನಿಲ್ಲಿಸಿದರೆ ಜೀವ ಮುಗಿಯುವುದಿಲ್ಲ.

“ಸಾಯೋಕೆ ಇಷ್ಟೊಂದು ಒದ್ದಾಡೋರನ್ನ ಇವತ್ತೇ ನೋಡಿದ್ದು ಕಣಪ್ಪ,” ಎಂದು ಜಯಮ್ಮ ನಕ್ಕರು.

ಆ ನಗು ನೋಡಿ ನಾನು ಅತಿಬುದ್ಧಿ ತೋರಿಸಿದೆ. ಹಳ್ಳಕ್ಕೇ ಬೀಳದಂತೆ ಇನ್ನೊಂದು ಕೋಡನ್ನೂ ಸೇರಿಸಿದೆ. ಪರದೆಯ ಮೇಲೆ ಅವರು ಆಡಿಸುತ್ತಿದ್ದ ಬೊಂಬೆ ಗಾಳಿಯಲ್ಲೇ ನಡೆದುಹೋಯಿತು. ಜಯಮ್ಮನವರಿಗೆ ಸಿಟ್ಟು ನೆತ್ತಿಗೇರಿತು.

“ಬೀಳೋಕೂ ಬಿಡಲ್ವಾ ನನ್ನ? ತೆಗಿ ಅದನ್ನ! ಬಿದ್ರೆ ಇನ್ನೊಂದ್ಸಲ ಏಳೋಕೆ ಬಿಡು, ಅಷ್ಟೇ ಸಾಕು.”

ತೆಗೆದೆ. ಅಲ್ಲಿಂದ ವಾರಕ್ಕೆ ಮೂರು ದಿನ ಬಂದರು. ನೆಗೆಯುವ ಬಟನ್ನನ್ನು ಬಲಗೈ ಹೆಬ್ಬೆರಳಲ್ಲೇ ಒತ್ತುತ್ತಿದ್ದರು. ಬಿದ್ದರು, ಎದ್ದರು, ನನ್ನನ್ನೂ ಸೇರಿಸಿ ಬೈದರು. ಐದನೆಯ ವಾರ ಕೋಟೆಬಾಗಿಲು ತೆರೆಯಿತು.

“ಆದ್ರೂ ಇದು ಮೋಸ ತಾನೇ ಸಾರ್?” ಎಂದ ರಾಘು. ಅಂಗಡಿಯಲ್ಲಿದ್ದ ಗೇಮ್ ಹುಚ್ಚರೂ ಹೌದೆಂದು ತಲೆಯಾಡಿಸಿದರು.

ಜಯಮ್ಮ ತಿರುಗಿಯೂ ನೋಡಲಿಲ್ಲ. “ಆ ಹಳ್ಳಕ್ಕೆ ಬಿದ್ದಿದ್ದು ನಾನು ಕಣೋ, ನೀನಲ್ಲ.”

ಮೂರೇ ಜೀವ ಎಂದು ನಿಯಮ ಬರೆದವನು ಜಯಮ್ಮನವರ ಕೈ ನೋಡಿರಲಿಲ್ಲ. ನಿಯಮಕ್ಕಿಂತ ಮೊದಲು ಎದುರಿಗಿರುವ ಕೈ ನೋಡಬೇಕೆಂದು ಈ ಕಸುಬು ನನಗೆ ಕಲಿಸಿತು. ಈಗಲೂ ಯಾರಾದರೂ ಮೋಸ ಎಂದರೆ ಅದೇ ಗೇಮ್ ಹಾಕಿ, ಬಲಗೈ ಬೆನ್ನ ಹಿಂದೆ ಇಟ್ಟುಕೊಳ್ಳಿ ಎನ್ನುತ್ತೇನೆ. ಕೋಡ್ ಇಲ್ಲ, ಮೂರೇ ಜೀವ. ಮೊದಲ ಹಳ್ಳವನ್ನು ಇದುವರೆಗೆ ಒಬ್ಬರೂ ದಾಟಿಲ್ಲ.