ಸೋತ ಆಟಗಳನ್ನು ಮತ್ತೆ ನೋಡಿದ ವಾರ

ಸೋತ ಆಟಗಳನ್ನು ನಾನು ಅಳಿಸುತ್ತಿರಲಿಲ್ಲ. ಗೆದ್ದದ್ದನ್ನು ಯಾರು ಬೇಕಾದರೂ ಮತ್ತೆ ಮತ್ತೆ ನೋಡುತ್ತಾರೆ, ಸೋತದ್ದನ್ನು ನೋಡಲು ಹಟ ಬೇಕು. ನನಗೆ ಆ ಹಟ ಸ್ವಲ್ಪ ಹೆಚ್ಚೇ ಇತ್ತು. ಸೋಲಿಗೆ ಯಾರು ಕಾರಣ ಎಂದು ಕಂಡುಹಿಡಿದು, ಅದನ್ನು ಅವರ ಮುಖದ ಮುಂದೆ ಹಿಡಿಯುವುದರಲ್ಲಿ ನನಗೆ ಗೆದ್ದಷ್ಟೇ ಖುಷಿಯಾಗುತ್ತಿತ್ತು. ಈಗ ಬರೆಯುವಾಗ ನಾಚಿಕೆಯಾಗುತ್ತದೆ. ಆಗ ಆಗುತ್ತಿರಲಿಲ್ಲ.

ಅದು ಫೋನಿನಲ್ಲಿ ಆಡುವ ಆಟ. ನಾಲ್ಕು ನಾಲ್ಕು ಜನರ ತಂಡಗಳು ಒಂದು ದ್ವೀಪಕ್ಕೆ ಇಳಿದು, ಬಂದೂಕು ಹುಡುಕಿಕೊಂಡು, ಒಬ್ಬರನ್ನೊಬ್ಬರು ಬೇಟೆಯಾಡಬೇಕು. ಕೊನೆಗೆ ಯಾವ ತಂಡ ಉಳಿಯುತ್ತದೋ ಅದು ಗೆದ್ದ ಹಾಗೆ. ಆಡುವವರು ಎಲ್ಲೆಲ್ಲೋ ಕೂತಿರುತ್ತಾರೆ, ಇಯರ್‌ಫೋನ್ ಹಾಕಿಕೊಂಡು ಒಬ್ಬರಿಗೊಬ್ಬರು ಹೇಳಿಕೊಳ್ಳುತ್ತಾರೆ. ನಮ್ಮ ತಂಡದಲ್ಲಿ ನಾನು, ದೇವನಹಳ್ಳಿ ವಿಮಾನ ನಿಲ್ದಾಣದ ಕಾರ್ಗೋ ಶೆಡ್ಡಿನಲ್ಲಿ ನನ್ನ ಜೊತೆ ಕೆಲಸ ಮಾಡುವ ಇಬ್ಬರು, ಆಮೇಲೆ ನನ್ನ ಅಕ್ಕನ ಗಂಡ, ಅಂದರೆ ನಮ್ಮ ಬಾವ. ಕ್ಯಾಪ್ಟನ್ ನಾನು. ಯಾರೂ ಆರಿಸಿರಲಿಲ್ಲ, ನಾನೇ ಆಗಿಬಿಟ್ಟಿದ್ದೆ. ಪ್ರತಿ ಆಟವನ್ನೂ ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡು, ಮಾರನೆಯ ದಿನ ಊಟದ ಬಿಡುವಿನಲ್ಲಿ ಜೊತೆಯವರಿಗೆ ಪಾಠ ಮಾಡುತ್ತಿದ್ದೆ.

ಬಾವ ನನಗಿಂತ ಹನ್ನೆರಡು ವರ್ಷ ದೊಡ್ಡವರು. ದೊಡ್ಡಬೆಳವಂಗಲದ ಕಡೆಯ ಬೇಸಾಯದ ಮನೆತನ. ಮದುವೆಗೆ ಮೊದಲೇ ದೊಡ್ಡಬಳ್ಳಾಪುರಕ್ಕೆ ಬಂದು, ಮನೆಯ ಹಿಂದೆ ಶೀಟು ಹೊದಿಸಿದ ಶೆಡ್ಡಿನಲ್ಲಿ ಆರು ವಿದ್ಯುತ್ ಮಗ್ಗ ಹಾಕಿದ್ದರು. ಎಲ್ಲವೂ ಬಂದ್ ಆದ ಆ ವರ್ಷ ನಮ್ಮ ತಲೆಯ ಮೇಲೆ ವಿಮಾನ ಹಾರಲಿಲ್ಲ, ಅವರ ಶೆಡ್ಡಿನಲ್ಲಿ ಮಗ್ಗ ಓಡಲಿಲ್ಲ. ಆಗ ಒಂದು ದಿನ ವಿಡಿಯೋ ಕಾಲ್ ಮಾಡಿದರು.

"ಏನೋ, ಇಡೀ ದಿನ ಫೋನ್ ಹಿಡ್ಕೊಂಡು ಯಾರ್ಗೋ ಬೈತಿರ್ತೀಯಂತೆ. ನಂಗೂ ಹೇಳ್ಕೊಡೋ ಅದನ್ನ."

ಹೇಳಿಕೊಟ್ಟೆ. ಎರಡೇ ವಾರದಲ್ಲಿ ಅವರ ಗುರಿ ನಮ್ಮೆಲ್ಲರಿಗಿಂತ ಚೆನ್ನಾಯಿತು. ಸಾವಿರಾರು ಎಳೆಗಳ ನಡುವೆ ಕಡಿದ ಒಂದೇ ಎಳೆಯನ್ನು ದೂರದಿಂದಲೇ ಕಾಣುವ ಕಣ್ಣು ಅದು. ಪೊದೆಯ ಹಿಂದೆ ಅವಿತವನ ತಲೆ ನಮಗೆ ಕಾಣುವುದರೊಳಗೆ ಅವರು ಹೊಡೆದು ಮುಗಿಸಿರುತ್ತಿದ್ದರು.

ತೊಂದರೆ ಒಂದೇ. ಹೇಳುವುದೊಂದು, ಅವರು ಮಾಡುವುದೊಂದು. "ಬಾವ, ಬಲಗಡೆ ಮನೆಯೊಳಕ್ಕೆ ಹೋಗಿ" ಅಂದರೆ "ಸರಿ ಸರಿ" ಅಂದು ಎಡಗಡೆ ಮರದ ಕೆಳಗೆ ಹೋಗಿ ಕೂರುವರು. ಜೊತೆಗೆ ಒಂದು ಗೋಳು: "ಮಾರ್ಕ್ ಹಾಕ್ರಪ್ಪಾ, ಮಾರ್ಕ್ ಹಾಕಿ." ಆಟದ ನಕ್ಷೆಯಲ್ಲಿ ಒಂದು ಕಡೆ ಬೆರಳಿಟ್ಟರೆ ಅಲ್ಲಿ ಹಳದಿ ಚುಕ್ಕೆ ಬೀಳುತ್ತದೆ, ಅದು ತಂಡದ ಎಲ್ಲರಿಗೂ ಕಾಣುತ್ತದೆ. ಆದರೆ ಗುಂಡು ಹಾರುತ್ತಿರುವಾಗ ನಕ್ಷೆ ತೆರೆದು ಚುಕ್ಕೆ ಇಡುತ್ತಾ ಕೂತರೆ ನಮ್ಮ ಕಥೆ ಮುಗಿದ ಹಾಗೆಯೇ. "ಬಾಯಲ್ಲಿ ಹೇಳ್ತಾ ಇಲ್ವಾ ಬಾವ, ಮಾರ್ಕ್ ಯಾಕೆ?" ಎಂದು ನಾನು ಸಿಡುಕುತ್ತಿದ್ದೆ. ಅವರು ನಗುತ್ತಿದ್ದರು.

ಮುಂದಿನ ವರ್ಷ ವಿಮಾನಗಳೂ ಬಂದವು, ಮಗ್ಗಗಳೂ ಓಡತೊಡಗಿದವು. ಭಾನುವಾರದ ಸಂಜೆ ಮಾತ್ರ ನಾವು ನಾಲ್ವರೂ ಸೇರಿ ಆಡುತ್ತಿದ್ದೆವು. ಒಂದು ದೊಡ್ಡ ಪಂದ್ಯಕ್ಕೆ ಹೆಸರು ಕೊಟ್ಟೆವು. ಮೊದಲ ಸುತ್ತುಗಳನ್ನು ಮನೆಯಿಂದಲೇ ಆಡುವುದು, ಕೊನೆಗೆ ಉಳಿದ ತಂಡಗಳು ಬೆಂಗಳೂರಿನಲ್ಲಿ ಜನರ ಎದುರು ವೇದಿಕೆಯ ಮೇಲೆ ಆಡುವುದು. ಆ ವೇದಿಕೆ ಹತ್ತಬೇಕೆಂದು ನಾನು ಎಷ್ಟು ಆಸೆಪಟ್ಟಿದ್ದೆ ಎಂದರೆ, ಅಂದು ಹಾಕಿಕೊಳ್ಳುವ ಅಂಗಿಯನ್ನೂ ಮನಸ್ಸಿನಲ್ಲೇ ಆರಿಸಿಟ್ಟಿದ್ದೆ.

ಮೂರನೆಯ ಸುತ್ತಿನಲ್ಲಿ ಎರಡೇ ತಂಡ ಉಳಿದವು. ನಮ್ಮಲ್ಲಿ ಬಾವ ಒಬ್ಬರೇ ಬದುಕಿದ್ದರು. ಆಟದಲ್ಲಿ ಸತ್ತವರು ಉಳಿದವರ ಕಣ್ಣಿನಿಂದಲೇ ಮುಂದಿನದನ್ನು ನೋಡಬಹುದು, ಅವರ ಸುತ್ತಲಿನ ಸದ್ದನ್ನೂ ಕೇಳಬಹುದು. ನಾನು ಹಾಗೆ ನೋಡುತ್ತಿದ್ದೆ. ಅವರ ಎಡಗಡೆ, ಸ್ವಲ್ಪ ಹಿಂದೆ, ಒಣಹುಲ್ಲಿನ ಮೇಲೆ ಯಾರೋ ನಡೆದು ಬರುವ ಸದ್ದು.

"ಬಾವ, ಎಡಗಡೆ!"

"ಸರಿ ಸರಿ."

ಅವರು ನೇರ ಮುಂದಕ್ಕೇ ನೋಡುತ್ತಿದ್ದರು. ಹೆಜ್ಜೆ ಹತ್ತಿರ ಬಂತು. ಇನ್ನೊಮ್ಮೆ ಕೂಗಿದೆ, ಜೊತೆಯವರಿಬ್ಬರೂ ಕೂಗಿದರು. "ಸರಿ ಸರಿ." ಆಗ ನನ್ನ ಬಾಯಿಂದ ಬಂದೇಬಿಟ್ಟಿತು.

"ಏಯ್ ಕಿವುಡಾ, ಎಡಗಡೆ ತಿರುಗೋ!"

ಗುಂಡು ಹಾರಿತು, ಬಾವ ಸತ್ತರು, ಆಟ ಮುಗಿಯಿತು. ನಾನು ಅರಚಿದ್ದು ಅಷ್ಟು ಜೋರಾಗಿತ್ತು, ಅದೊಂದು ಮಾತ್ರ ಅವರಿಗೆ ಸ್ಪಷ್ಟವಾಗಿ ಕೇಳಿಸಿತ್ತು. ಅವರ ಹೆಸರಿನ ಮುಂದೆ, ಆನ್‌ಲೈನಿನಲ್ಲಿದ್ದಾರೆಂದು ತೋರಿಸುವ ಹಸಿರು ದೀಪ ಆರಿತು.

ಹೆಣ್ಣು ಕೊಟ್ಟ ಮನೆಯವರು ನಾವು. ನಮ್ಮಪ್ಪ ವಯಸ್ಸಿನಲ್ಲಿ ಎಷ್ಟು ದೊಡ್ಡವರಾದರೂ ಅಳಿಯನನ್ನು "ಬನ್ನಿ, ಕೂತ್ಕೊಳ್ಳಿ" ಎಂದೇ ಮಾತಾಡಿಸುತ್ತಾರೆ. ಅಂಥದ್ದರಲ್ಲಿ ನಾನು ಹೊರಗಿನವರಿಬ್ಬರ ಎದುರು ಹೀಗೆ ಅಂದಿದ್ದೆ. ಮಾರನೆಯ ಬೆಳಿಗ್ಗೆ ಅಕ್ಕನ ಫೋನ್ ಬಂತು.

"ನಮ್ಮನೆಯವ್ರಿಗೆ ಏನೋ ಅಂದೆ ನೀನು?"

"ಆಟದ ಬಿಸಿಯಲ್ಲಿ ಬಾಯ್ತಪ್ಪಿ ಬಂತು ಕಣಕ್ಕ. ಹೋಗೋ ಬಾರೋ ಅನ್ಬಾರ್ದಿತ್ತು."

"ಹೋಗೋ ಬಾರೋ ಅಂದಿದ್ದು ಹಾಳಾಗ್ಲಿ. ಇನ್ನೊಂದ್ ಮಾತು ಅಂದ್ಯಲ್ಲ, ಅದು ಯಾಕೆ ಬಂತು ನಿನ್ ಬಾಯಲ್ಲಿ?"

ಉತ್ತರಕ್ಕೆ ಕಾಯದೆ ಫೋನಿಟ್ಟಳು. ಗೌರಿ ಹಬ್ಬಕ್ಕೆ ತವರಿಗೆ ಒಬ್ಬಳೇ ಬಂದಳು. "ಮಗ್ಗ ಬಿಟ್ಟು ಬರಕ್ಕಾಗಲ್ವಂತೆ" ಅಂದಳು. "ಹಬ್ಬದ ದಿನ ಯಾರ ಮನೆ ಮಗ್ಗ ಓಡುತ್ತೆ?" ಎಂದು ಅಮ್ಮ ಕೇಳಿ, ನನ್ನ ಕಡೆ ನೋಡಿದಳು. ಅಪ್ಪ ಅಷ್ಟು ಸುತ್ತಿ ಬಳಸಲಿಲ್ಲ. "ಹೋಗಿ ಮಾತಾಡ್ಸ್ಕೊಂಡ್ ಬಾ. ಎರಡು ಮನೆ ಹಾಳು ಮಾಡ್ಬೇಡ" ಅಂದರು.

ಹೋಗಲು ನಾನು ಸಿದ್ಧನಿದ್ದೆ, ಆದರೆ ಬರಿಗೈಯಲ್ಲಿ ಅಲ್ಲ. ಬೈದದ್ದು ತಪ್ಪಿರಬಹುದು, ಆದರೆ ಸೋತದ್ದು ಅವರಿಂದಲೇ ಎಂದು ತೋರಿಸಿಯೇ ಕ್ಷಮೆ ಕೇಳಬೇಕೆಂಬುದು ನನ್ನ ಲೆಕ್ಕಾಚಾರ. ಇಂಥ ಕ್ಷಮೆಯನ್ನು ಯಾರು ಇಟ್ಟುಕೊಳ್ಳುತ್ತಾರೋ, ದೇವರೇ ಬಲ್ಲ. ಆ ವಾರ ನನಗೆ ಬೆಳಗಿನ ಪಾಳಿ. ಮೂರು ಗಂಟೆಗೆ ಮನೆಗೆ ಬಂದು, ಉಂಡು, ತಾರಸಿಯ ಮೇಲೆ ನೀರಿನ ಟ್ಯಾಂಕಿನ ನೆರಳಲ್ಲಿ ಚಾಪೆ ಹಾಸಿಕೊಂಡು ಸೋತ ಆಟಗಳನ್ನೆಲ್ಲ ಮತ್ತೆ ನೋಡಲು ಕೂತೆ.

ಮೊದಲು ನೋಡಿದ್ದು ಜಗಳದ ಆಟವನ್ನೇ. ನಾನು ಕೂಗಿದ್ದು ಸ್ಪಷ್ಟವಾಗಿತ್ತು. ಒಳಗೊಳಗೇ ಬೀಗಿದೆ. ಇನ್ನಷ್ಟು ಸಾಕ್ಷಿ ಇರಲೆಂದು ಅದರ ಹಿಂದಿನ ಆಟವನ್ನು ತೆಗೆದೆ, ಅದಕ್ಕೂ ಹಿಂದಿನದನ್ನೂ ತೆಗೆದೆ. ಆಗ ಗೊತ್ತಾದ ಮೊದಲ ವಿಷಯ ನನ್ನ ಬಗ್ಗೆಯೇ ಇತ್ತು. ಒಂದು ಆಟದಲ್ಲೂ ಕ್ಯಾಪ್ಟನ್ ಕೊನೆಯವರೆಗೆ ಬದುಕಿರಲಿಲ್ಲ. ಎಲ್ಲರಿಗಿಂತ ಮೊದಲು ನುಗ್ಗುವುದು, ಎಲ್ಲರಿಗಿಂತ ಮೊದಲು ಸಾಯುವುದು, ಆಮೇಲೆ ಸತ್ತಲ್ಲಿಂದಲೇ ಬದುಕಿದವರಿಗೆ ಬುದ್ಧಿ ಹೇಳುವುದು. ರೆಕಾರ್ಡಿಂಗಿನಲ್ಲಿ ನನ್ನ ದನಿ ಕೇಳಿ ನನಗೇ ಸಾಕಾಯಿತು.

ಹಾಗೆ ಬೇಗ ಸತ್ತಿದ್ದರಿಂದಲೇ ಪ್ರತಿ ರೆಕಾರ್ಡಿಂಗಿನ ಬಹುಪಾಲು ಬಾವನ ಆಟವೇ ಇತ್ತು. ಮೂರನೆಯ ದಿನ ಒಂದು ಸಂಗತಿ ಕಣ್ಣಿಗೆ ಬಿತ್ತು. ಗುಂಡಿನ ಸದ್ದಾದರೆ ಅವರು ತಕ್ಷಣ ತಿರುಗುತ್ತಿದ್ದರು. ಹೆಜ್ಜೆ ಸದ್ದಿಗೆ ಒಮ್ಮೆಯೂ ತಿರುಗಿರಲಿಲ್ಲ. ಯಾರಾದರೂ ನಕ್ಷೆಯಲ್ಲಿ ಚುಕ್ಕೆ ಇಟ್ಟರೆ, ಚುಕ್ಕೆ ಬೀಳುವುದಕ್ಕೂ ಅವರ ಬಂದೂಕು ಆ ಕಡೆ ಹೊರಳುವುದಕ್ಕೂ ನಡುವೆ ಉಸಿರಾಡುವಷ್ಟೂ ಹೊತ್ತಿರಲಿಲ್ಲ. ಮಾತಿನಲ್ಲಿ ಹೇಳಿದರೆ ಮಾತ್ರ "ಸರಿ ಸರಿ." ಒಂದು ಕಡೆ ಜೊತೆಯವನು "ಬಾವ, ನಿಮ್ ಹತ್ರ ಎಷ್ಟು ಗುಂಡಿದೆ?" ಎಂದು ಕೇಳಿದ್ದಾನೆ. ಅದಕ್ಕೂ ಬಾವ "ಸರಿ ಸರಿ" ಎಂದಿದ್ದಾರೆ. ನಾವು ಮೂವರೂ ಬಿದ್ದು ಬಿದ್ದು ನಕ್ಕಿದ್ದು ಹಾಗೆಯೇ ದಾಖಲಾಗಿದೆ. ನನ್ನ ನಗು ಎಲ್ಲಕ್ಕಿಂತ ಜೋರಾಗಿದೆ.

ಮಗ್ಗದ ಗದ್ದಲ ಇರಬೇಕು ಅಂದುಕೊಂಡೆ. ಅವರ ಮೈಕಿನಲ್ಲಿ ಹಿಂದಿನ ಶೆಡ್ಡಿನ ಟಕಟಕ ಸದಾ ಕೇಳಿಸುತ್ತಿತ್ತು. ಆದರೆ ಮಗ್ಗ ನಿಂತಿದ್ದ ವರ್ಷದ ಆಟಗಳೂ ನನ್ನ ಹತ್ತಿರ ಇದ್ದವು. ಅವುಗಳಲ್ಲಿ ಬಾವನ ಮನೆಯ ಸದ್ದೆಂದರೆ ಕಾಗೆ, ಅಕ್ಕನ ಕುಕ್ಕರಿನ ಸೀಟಿ, ಅಷ್ಟೇ. ಅಲ್ಲೂ ಅದೇ ಕಥೆ. ಹೆಜ್ಜೆ ಬರುತ್ತದೆ, ಬಾವ ತಿರುಗುವುದಿಲ್ಲ.

ಕೊನೆಗೆ, ಸೋತ ಆಟಗಳ ನಡುವೆ ಸೇರಿಕೊಂಡಿದ್ದ ಒಂದು ಗೆದ್ದ ಆಟ ಸಿಕ್ಕಿತು. ಒಮ್ಮೆ ನಾವು ಮೂವರೂ ಬಾವನ ಮನೆಗೆ ಊಟಕ್ಕೆ ಹೋಗಿ, ನಡುಮನೆಯಲ್ಲೇ ಕೂತು ಆಡಿದ್ದೆವು. ಆ ಆಟದಲ್ಲಿ ಬಾವ ಒಂದು ಮಾತನ್ನೂ ತಪ್ಪಿಸಿಲ್ಲ. ಬಲ ಅಂದರೆ ಬಲ, ಹಿಂದೆ ಅಂದರೆ ಹಿಂದೆ. ಶುರುವಿನಲ್ಲಿ ಅವರ ದನಿ ಇದೆ: "ಪಕ್ಕದಲ್ಲಿ ಬೇಡ ಕಣ್ರೋ, ಎದುರಿಗೆ ಕೂತ್ಕೊಳ್ಳಿ."

ಅಲ್ಲಿಗೆ ಫೋನನ್ನು ನಿಲ್ಲಿಸಿದೆ. ಮಗ್ಗದ ಶೆಡ್ಡಿನಲ್ಲಿ ಯಾರೂ ಕೂಗಿ ಮಾತಾಡುವುದಿಲ್ಲ, ಕೂಗಿದರೂ ಕೇಳಿಸುವುದಿಲ್ಲ. ಒಬ್ಬರ ತುಟಿ ನೋಡಿ ಇನ್ನೊಬ್ಬರು ತಿಳಿದುಕೊಳ್ಳುತ್ತಾರೆ. ಎಳೆ ಕಡಿಯಿತು, ಕಾಫಿಗೆ ಬಾ, ಕರೆಂಟು ಹೋಗುತ್ತದೆ, ಎಲ್ಲವೂ ತುಟಿಯಲ್ಲಿ, ಬೆರಳಿನಲ್ಲಿ ಮುಗಿಯುತ್ತವೆ. ಅದನ್ನು ನಾನು ನೂರು ಸಲ ನೋಡಿದ್ದೆ. ಆ ವಿದ್ಯೆಯನ್ನು ಬಾವ ಮನೆಯೊಳಕ್ಕೂ ತಂದುಕೊಂಡಿದ್ದರು. ಎದುರಿಗೆ ಕೂತು ಮಾತಾಡಿದ ನಮಗ್ಯಾರಿಗೂ ಗೊತ್ತಾಗಲಿಲ್ಲ. ಮುಖವಿಲ್ಲದ ಮಾತು ಅವರ ಹತ್ತಿರ ಬಂದದ್ದು ಈ ಆಟದಲ್ಲಿ ಮಾತ್ರ.

ನಮ್ಮ ಕೆಲಸದಲ್ಲಿ ಸೇರಿದ ದಿನವೇ ಕಿವಿಗೆ ದಪ್ಪ ಮುಚ್ಚಳ ಕೊಡುತ್ತಾರೆ. ವಿಮಾನದ ಹತ್ತಿರ ಅದಿಲ್ಲದೆ ಹೋದರೆ ವಾಪಸ್ಸು ಕಳಿಸುತ್ತಾರೆ. ವರ್ಷಕ್ಕೊಮ್ಮೆ ಕಿವಿ ಪರೀಕ್ಷೆಯೂ ಇದೆ. ಗದ್ದಲದಲ್ಲಿ ದುಡಿದವರಿಗೆ ಮೊದಲು ಹೋಗುವುದು ಸಣ್ಣ ಸದ್ದುಗಳು, ಮಾತು ಕೇಳಿಸಿದರೂ ಅಕ್ಷರ ಬಿಡಿಸಿ ತಿಳಿಯುವುದಿಲ್ಲ ಎಂದು ಅಲ್ಲಿನ ಡಾಕ್ಟರು ನಮಗೆ ವಿವರಿಸಿದ್ದರು. ಇಪ್ಪತ್ತು ವರ್ಷ ಆರು ಮಗ್ಗಗಳ ನಡುವೆ ಬರಿಗಿವಿಯಲ್ಲಿ ನಿಂತವರನ್ನು ನಾನು ನೋಡುತ್ತಲೇ ಇದ್ದೆ, ನನಗೆ ಹೊಳೆದಿರಲಿಲ್ಲ. ನಾಲಿಗೆಗೆ ಮಾತ್ರ ಹೊಳೆದಿತ್ತು.

ವಾರದ ರಜೆಯ ದಿನ ಬಸ್ಸು ಹತ್ತಿ ದೊಡ್ಡಬಳ್ಳಾಪುರಕ್ಕೆ ಹೋದೆ. ಅಕ್ಕ ಬಾಗಿಲಲ್ಲಿ ಕೂತು ದಂಟಿನ ಸೊಪ್ಪು ಬಿಡಿಸುತ್ತಿದ್ದಳು. ಬಾ ಎನ್ನಲಿಲ್ಲ, ಕಾಲು ಸರಿಸಿ ಜಾಗ ಮಾತ್ರ ಬಿಟ್ಟಳು. ಪಕ್ಕದಲ್ಲಿ ಕೂತು ದನಿ ತಗ್ಗಿಸಿದೆ.

"ಅಕ್ಕ, ಬಾವಂಗೆ ಕಿವಿ..."

"ಗೊತ್ತು."

"ಯಾವಾಗಿಂದ?"

"ನಾಲ್ಕೈದು ವರ್ಷ ಆಯ್ತು. ನಾನು ಅಡುಗೆಮನೆಯಿಂದ ಅವ್ರನ್ನ ಕೂಗಿದ್ದು ಯಾವತ್ತಾದ್ರೂ ನೋಡಿದ್ಯಾ? ಎದ್ದು ಹೋಗಿ ಮುಂದೆ ನಿಂತ್ಕೊಂಡೇ ಮಾತಾಡ್ತೀನಿ. ನಂಗೆ ಗೊತ್ತಿಲ್ಲ ಅಂತ ಅವ್ರು ಅಂದ್ಕೊಂಡಿದಾರೆ. ಅಂದ್ಕೊಳ್ಳಿ ಅಂತ ನಾನೂ ಸುಮ್ನಿದೀನಿ."

"ಡಾಕ್ಟ್ರಿಗೆ ತೋರಿಸ್ಬೇಕಲ್ಲಕ್ಕ."

"ತೋರಿಸ್ಬೇಕು. ಆದ್ರೆ ಕರ್ಕೊಂಡ್ ಹೋಗೋಕೆ ಮೊದ್ಲು ಆ ಮಾತು ಆಡ್ಬೇಕಲ್ಲ ಕಣೋ. ಹೆಂಗ್ ಆಡೋದು ಅಂತ ವರ್ಷಗಟ್ಲೆ ಯೋಚ್ನೆ ಮಾಡ್ತಿದೀನಿ. ನೀನು ಒಂದೇ ಉಸ್ರಿಗೆ ಆಡ್ಬಿಟ್ಟೆ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ನನಗೆ ಸುಲಭವಾಗುತ್ತಿತ್ತು. ಸೊಪ್ಪಿನ ಮೊರ ಎತ್ತಿಕೊಂಡು ಎದ್ದಳು. "ಹಿಂದೆ ಇದಾರೆ, ಹೋಗು" ಅಂದಳು.

ಶೆಡ್ಡಿನಲ್ಲಿ ಆರು ಮಗ್ಗವೂ ಓಡುತ್ತಿದ್ದವು. ಬಾವ ಕೊನೆಯ ಮಗ್ಗದ ಹತ್ತಿರ ಬಗ್ಗಿ ಎಳೆ ಸೇರಿಸುತ್ತಿದ್ದರು, ಕೆಲಸದ ಹೆಂಗಸು ಆಚೆ ತುದಿಯಲ್ಲಿದ್ದಳು. ನನ್ನನ್ನು ಕಂಡು ಬಾವ ನೆಟ್ಟಗೆ ನಿಂತರು. ನಾನು ಬಾಯಿ ತೆರೆದೆ, ದನಿ ತೆಗೆಯಲಿಲ್ಲ. ತುಟಿಯನ್ನಷ್ಟೇ ಆಡಿಸಿ, ನಿಧಾನವಾಗಿ, "ತಪ್ಪಾಯ್ತು ಬಾವ" ಎಂದೆ.

ಅವರು ನನ್ನ ಬಾಯಿಯನ್ನೇ ನೋಡುತ್ತಿದ್ದರು. ನನಗೆ ಎಷ್ಟು ಗೊತ್ತಾಗಿದೆ ಎಂಬುದು ಅವರಿಗೆ ಆಗಲೇ ತಿಳಿದುಹೋಯಿತು. ಹೆಂಗಸಿಗೆ ಬೆರಳಿನಲ್ಲಿ ಕಾಫಿಗೆ ಹೋಗು ಎಂದರು. ಆಮೇಲೆ ಮಗ್ಗಗಳನ್ನು ಒಂದೊಂದಾಗಿ ನಿಲ್ಲಿಸುತ್ತಾ ಬಂದರು. ಕೆಲಸದ ಹೊತ್ತಿನಲ್ಲಿ ಯಾವ ನೆಂಟ ಬಂದರೂ ಅವರು ಮಗ್ಗ ನಿಲ್ಲಿಸಿದ್ದನ್ನು ನಾನು ಕಂಡಿರಲಿಲ್ಲ. ಆರನೆಯದೂ ನಿಂತಿತು.

"ಇನ್ನೊಂದ್ಸಲ ಹೇಳು" ಅಂದರು. ನಾನು ಬಾಯಿ ತೆರೆಯುವುದರೊಳಗೆ ಕೈ ಅಡ್ಡ ಹಿಡಿದು, "ತಾಳು" ಎಂದು ನನಗೆ ಬೆನ್ನು ಮಾಡಿ, ಗೋಡೆಯ ಕಡೆ ಮುಖ ತಿರುಗಿಸಿ ನಿಂತರು. "ಈಗ ಹೇಳು, ನೋಡೋಣ."

ಹೇಳಿದೆ. ಈ ಸಲ ದನಿ ತೆಗೆದೇ ಹೇಳಿದೆ. ಅವರು ಅಲುಗಾಡಲಿಲ್ಲ. ಇನ್ನೊಮ್ಮೆ, ಸ್ವಲ್ಪ ಗಟ್ಟಿಯಾಗಿ ಹೇಳಿದೆ. ಅವರು ತಲೆಯನ್ನು ಒಂದಿಷ್ಟು ಓರೆ ಮಾಡಿಕೊಂಡು, ತಾಳ್ಮೆಯಿಂದ, ಕಾಯುತ್ತಲೇ ನಿಂತಿದ್ದರು.

"ಹೇಳೋ ಗುರು" ಅಂದರು ಗೋಡೆಗೆ. "ಯಾಕ್ ಸುಮ್ನೆ ನಿಂತ್ಬಿಟ್ಟೆ?"